ಸಂಕಲನದ ಮೇಜಿನ ಸಾಕ್ಷಿ: 1913ರ ಒಂದು ಮೂಕಿಚಿತ್ರದಲ್ಲಿ ನಿಷ್ಠೆ ಮತ್ತು ಉದ್ಯಮದ ಗುಟ್ಟು

ನ್ಯೂಯಾರ್ಕ್ ರಾಜ್ಯದ ನ್ಯೂ ರೋಷೆಲ್‌ನಲ್ಲಿದ್ದ ಥ್ಯಾನ್‌ಹೌಸರ್ ಕಂಪನಿ 1913ರ ಜನವರಿಯಲ್ಲಿ ‘ದಿ ಎವಿಡೆನ್ಸ್ ಆಫ್ ದ ಫಿಲ್ಮ್’ ಎಂಬ ಒಂದು ರೀಲಿನ ಚಿತ್ರವನ್ನು ಬಿಡುಗಡೆ ಮಾಡಿತು. ನಿರ್ದೇಶಕರು ಲಾರೆನ್ಸ್ ಮಾರ್ಸ್ಟನ್ ಮತ್ತು ಎಡ್ವಿನ್ ಥ್ಯಾನ್‌ಹೌಸರ್. ದಲ್ಲಾಳಿಯೊಬ್ಬ ಬಾಂಡುಗಳ ಲಕೋಟೆಯನ್ನು ಹುಡುಗನೊಬ್ಬನ ಕೈಲಿ ಕೊಟ್ಟು ಕಳಿಸುತ್ತಾನೆ. ಬಳಿಕ ಬೀದಿಯಲ್ಲಿ ತಾನೇ ಅವನಿಗೆ ಡಿಕ್ಕಿ ಹೊಡೆದು ಕೆಡವಿ, ಪತ್ರಿಕೆಯ ಚೂರು ತುಂಬಿದ ಅಂಥದೇ ಲಕೋಟೆಯನ್ನು ಅದಲುಬದಲು ಮಾಡುತ್ತಾನೆ. ಕಳ್ಳತನದ ಆರೋಪ ಹುಡುಗನ ತಲೆಗೆ ಬರುತ್ತದೆ. ಧಣಿಯ ಮಾತಿನೆದುರು ಆಳಿನ ಮಾತಿಗೆ ಬೆಲೆಯಿಲ್ಲ.

ಅದೇ ಬೀದಿಯಲ್ಲಿ ಆ ಹೊತ್ತಿಗೆ ಸಿನಿಮಾ ಚಿತ್ರೀಕರಣ ನಡೆದಿತ್ತು. ಹುಡುಗನ ಅಕ್ಕ ಫಿಲ್ಮ್ ಕಂಪನಿಯ ಸಂಕಲನ ವಿಭಾಗದ ಕೆಲಸಗಾರ್ತಿ. ಫಿಲ್ಮಿನ ಪಟ್ಟಿಯನ್ನು ಕೈಯಲ್ಲಿ ಹಿಡಿದು ನೋಡುತ್ತಿದ್ದಾಗ ದಲ್ಲಾಳಿಯ ಕೈಚಳಕ ಅವಳ ಕಣ್ಣಿಗೆ ಬೀಳುತ್ತದೆ. ಅಕ್ಕನಾಗಿ ಫ್ಲಾರೆನ್ಸ್ ಲಾ ಬಾಡಿ ನಟಿಸಿದ್ದಾರೆ. ಹುಡುಗನ ಪಾತ್ರ ಮಾಡಿದವಳು ಬಾಲನಟಿ ಮೇರಿ ಎಲೈನ್. ಬಾಲಕಾರ್ಮಿಕರ ಬವಣೆಯನ್ನು ತೋರಿದ ಇದೇ ಕಂಪನಿಯ 1912ರ ‘ದಿ ಕ್ರೈ ಆಫ್ ದ ಚಿಲ್ಡ್ರನ್’ ಚಿತ್ರದಲ್ಲೂ ಇವಳಿದ್ದಳು.

ಈ ದೃಶ್ಯದ ತೂಕ ತಿಳಿಯಬೇಕಾದರೆ ಅಂದಿನ ಉದ್ಯಮವನ್ನು ನೋಡಬೇಕು. 1908ರಲ್ಲಿ ಎಡಿಸನ್ ಮುಂತಾದವರು ಸೇರಿ ಪೇಟೆಂಟುಗಳ ಒಕ್ಕೂಟ ಕಟ್ಟಿದ್ದರು. ಹೊರಗಿನವರು ಕ್ಯಾಮೆರಾ ಬಳಸಿದರೆ ದಾವೆ ಹೂಡುತ್ತಿದ್ದರು, ಪತ್ತೇದಾರರನ್ನು ಬಿಡುತ್ತಿದ್ದರು. ಕ್ಯಾಮೆರಾದ ಒಳಗಿನ ಯಂತ್ರವನ್ನೇ ಮುಚ್ಚಿಟ್ಟುಕೊಳ್ಳಬೇಕಾದ ಕಾಲವದು. ಥ್ಯಾನ್‌ಹೌಸರ್ ಆ ಒಕ್ಕೂಟಕ್ಕೆ ಸೇರಿರಲಿಲ್ಲ. ಅಂಥ ಕಂಪನಿ ತನ್ನ ಕಸುಬಿನ ಒಳಮನೆಯನ್ನು ಪ್ರೇಕ್ಷಕರ ಮುಂದೆ ತೆರೆದಿಟ್ಟು, ನಿರಪರಾಧಿಯ ಬಿಡುಗಡೆಗೆ ಅದನ್ನೇ ಆಧಾರ ಮಾಡಿತು. ಇದು ದಿಟ್ಟ ನಡೆಯೆಂದೇ ನನ್ನ ಎಣಿಕೆ. ಒಕ್ಕೂಟ ಕಾನೂನುಬಾಹಿರವೆಂಬ ತೀರ್ಪು ಬಂದದ್ದು 1915ರಲ್ಲಿ.

ಚಿತ್ರ ತೆರೆಕಂಡ ತಿಂಗಳಲ್ಲೇ, 13ನೆಯ ತಾರೀಖು, ಕಂಪನಿಯ ಸ್ಟುಡಿಯೋ ಸುಟ್ಟುಹೋಯಿತು. ಕಳೆದೇಹೋಯಿತೆನ್ನಲಾಗಿದ್ದ ಈ ಚಿತ್ರದ ಪ್ರತಿ 1999ರಲ್ಲಿ ಮೊಂಟಾನಾ ರಾಜ್ಯದ ಸುಪೀರಿಯರ್ ಎಂಬ ಊರಿನ ಚಿತ್ರಮಂದಿರದ ಪ್ರೊಜೆಕ್ಟರ್ ಕೋಣೆಯಲ್ಲಿ, ನೆಲದ ಮೇಲೆ ಸಿಕ್ಕಿತು. 2001ರಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿತು.

ಈ ಚಿತ್ರದ ಕಥೆಯನ್ನು ಕ್ಯಾಮೆರಾದ ಗೆಲುವೆಂದು ಓದುವುದು ಸುಲಭ. ನನಗೆ ಆ ಓದು ಸಾಲದು. ಕ್ಯಾಮೆರಾದ ಹಿಂದೆ ನಿಂತವರಿಗೆ ಲಕೋಟೆ ಬದಲಾದದ್ದು ಕಾಣಲಿಲ್ಲ. ಆ ಕಾಲದ ಕಂಪನಿಗಳಲ್ಲಿ ಫಿಲ್ಮ್ ಕತ್ತರಿಸಿ ಅಂಟಿಸುವ ಕೆಲಸ ಹೆಚ್ಚಾಗಿ ಹೆಂಗಸರದು. ಬಹುಮಂದಿಯ ಹೆಸರೇ ಉಳಿದಿಲ್ಲ. ತಮ್ಮನ ಪ್ರಾಮಾಣಿಕತೆಯನ್ನು ರುಜುವಾತು ಮಾಡಿದ್ದು ಅಂಥ ಒಬ್ಬಳ ದಿನನಿತ್ಯದ ಕೆಲಸದ ಪಳಗಿದ ಕಣ್ಣು.