ಚಲಚ್ಚಿತ್ರಗಳ ಶೋಧನೆಯೂ ನಾಡಿನ ಚರಿತ್ರೆಯೂ

ಶಿಲಾಶಾಸನ, ತಾಮ್ರಪಟ, ಓಲೆಯ ಕಟ್ಟುಗಳು ಚರಿತ್ರಕಾರರಿಗೆ ಪೂರ್ವದಿಂದಲೂ ಸಾಧನಗಳಾಗಿರುವುವು. ಇಪ್ಪತ್ತನೆಯ ಶತಮಾನವು ಇವುಗಳ ಸಾಲಿಗೆ ಚಲಚ್ಚಿತ್ರದ ಸುರುಳಿಯನ್ನು ಸೇರಿಸಿತು. ಆದರೆ ಕಲ್ಲಿನ ಬಾಳಿಕೆ ಇದಕ್ಕಿಲ್ಲ. 1950ರ ಸುಮಾರಿನವರೆಗೆ ಬಳಕೆಯಲ್ಲಿದ್ದ ನೈಟ್ರೇಟ್ ಫಿಲ್ಮು ಬೆಂಕಿಗೆ ಬೇಗನೆ ತುತ್ತಾಗುವುದು. ಬೆಂಕಿ ತಗಲದಿದ್ದರೂ ಕಾಲಾಂತರದಲ್ಲಿ ಅಂಟುಗಟ್ಟಿ ಪುಡಿಯಾಗುವುದು. 1934ರಲ್ಲಿ ತೆರೆಗೆ ಬಂದ ಕನ್ನಡದ ಮೊದಲ ವಾಕ್ಚಿತ್ರವಾದ ‘ಸತಿ ಸುಲೋಚನಾ’ದ ಒಂದು ಪ್ರತಿಯೂ ಉಳಿದಿಲ್ಲ.

ಆದುದರಿಂದ ಹಳೆಯ ಚಿತ್ರಭಾಗಗಳನ್ನು ಅರಸುವುದೇ ಒಂದು ವಿದ್ಯೆಯಾಗಿ ಬೆಳೆದಿದೆ. ತಮಿಳು ಲೇಖಕರಾದ ಎ. ಕೆ. ಚೆಟ್ಟಿಯಾರರು ಗಾಂಧೀಜಿಯವರ ಚಿತ್ರಗಳಿಗಾಗಿ ದೇಶದೇಶಗಳನ್ನು ಸುತ್ತಿ, ಸುಮಾರು 50,000 ಅಡಿ ಫಿಲ್ಮನ್ನು ಕೂಡಿಹಾಕಿ, 1940ರಲ್ಲಿ ಜೀವನಚಿತ್ರವೊಂದನ್ನು ಹೊರತಂದರು. ವಾಕ್ಚಿತ್ರವು ಓಡುವ ನಿಮಿಷಕ್ಕೆ 90 ಅಡಿಯ ಲೆಕ್ಕದಲ್ಲಿ ಅದು ಒಂಬತ್ತು ಗಂಟೆಗೂ ಮಿಕ್ಕಿದ ಸಾಮಗ್ರಿ.

ಆಳಂದ ತಾಲ್ಲೂಕಿನ ಜಿಡಗಾ ಗ್ರಾಮದ ಸೀಮೆಯು ನಿಜಾಮರ ರಾಜ್ಯಕ್ಕೆ ಸೇರಿದ್ದಿತು. 1948ನೆಯ ಸೆಪ್ಟೆಂಬರ್ 17ರಂದು ಆ ಆಳ್ವಿಕೆ ಮುಗಿಯಿತು. ಆ ಕಾಲದ ದೃಶ್ಯಗಳನ್ನು ಬಯಸುವವರು ಗ್ರಾಮದ ಹೆಸರನ್ನೇ ಹಿಡಿದು ಹುಡುಕಿದರೆ ಸಾಲದು. ಜಿಲ್ಲೆಗೆ ‘ಕಲಬುರಗಿ’ ಎಂಬ ಹೆಸರು ಅಧಿಕೃತವಾದುದು 2014ರಲ್ಲಿ. ಹಳೆಯ ಪಟ್ಟಿಗಳಲ್ಲಿ ‘ಗುಲ್ಬರ್ಗಾ’, ‘ಹೈದರಾಬಾದು’ ಎಂಬ ಹೆಸರುಗಳ ಕೆಳಗೆ, ತಾರೀಖಿನ ಕ್ರಮದಲ್ಲಿ ಅರಸಬೇಕು. ಸರ್ಕಾರದ ವಾರ್ತಾಚಿತ್ರ ವಿಭಾಗವು 1946ರಲ್ಲಿ ಮುಚ್ಚಿಹೋಗಿ, ಫಿಲ್ಮ್ಸ್ ಡಿವಿಜನ್ ಸಂಸ್ಥೆಯು 1948ರಲ್ಲಿ ಹುಟ್ಟಿತು. ನಡುವಣ ಕಾಲದ ದೃಶ್ಯಗಳಿಗೆ ಖಾಸಗಿಯವರನ್ನೂ ವಿದೇಶದ ವಾರ್ತಾಚಿತ್ರ ಭಂಡಾರಗಳನ್ನೂ ಆಶ್ರಯಿಸಬೇಕಾಗುವುದು. ಪುಣೆಯ ರಾಷ್ಟ್ರೀಯ ಚಲನಚಿತ್ರ ಭಂಡಾರವು 1964ರಲ್ಲಿ ಸ್ಥಾಪಿತವಾಗಿ, ಪಿ. ಕೆ. ನಾಯರರ ಶ್ರಮದಿಂದ ಬೆಳೆಯಿತು. ಅದೂ ಫಿಲ್ಮ್ಸ್ ಡಿವಿಜನ್ನೂ ಈಗ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಗಿವೆ.

ದೊರೆತ ಮಾತ್ರಕ್ಕೆ ದೃಶ್ಯವನ್ನು ಬಳಸಲಾಗದು. 1957ರ ಕೃತಿಸ್ವಾಮ್ಯ ಶಾಸನದ ಮೇರೆಗೆ ಚಲಚ್ಚಿತ್ರದ ಹಕ್ಕು, ಅದು ಪ್ರಕಟವಾದ ವರ್ಷದ ತರುವಾಯ 60 ವರ್ಷ ನಿಲ್ಲುವುದು. 1948ರಲ್ಲಿ ಪ್ರಕಟವಾದ ವಾರ್ತಾಚಿತ್ರದ ಹಕ್ಕು ಭಾರತದಲ್ಲಿ 2008ರ ಅಂತ್ಯಕ್ಕೆ ತೀರಿತು. ಆದರೆ ಹಕ್ಕು ಬೇರೆ, ವಸ್ತು ಬೇರೆ. ಮೂಲ ಸುರುಳಿ ಯಾರ ವಶದಲ್ಲಿರುವುದೋ ಅವರು ಪ್ರತಿಮಾಡಿಕೊಡಲು ಶುಲ್ಕ ಕೇಳಬಹುದು. ಹಕ್ಕು ತೀರದ ಚಿತ್ರಕ್ಕಾದರೆ ಎಷ್ಟು ಕ್ಷಣಗಳು, ಯಾವ ದೇಶದಲ್ಲಿ, ಎಷ್ಟು ವರ್ಷ, ಚಿತ್ರಮಂದಿರಕ್ಕೋ ದೂರದರ್ಶನಕ್ಕೋ ಎಂಬುದನ್ನೆಲ್ಲ ಪರವಾನಗಿಯಲ್ಲಿ ಬರೆಯಿಸಿಕೊಳ್ಳುವುದು ಅವಶ್ಯ.

ಇಷ್ಟು ಶ್ರಮವೇಕೆಂದು ವಾಚಕರು ಕೇಳಬಹುದು. ಶ್ರಮಕ್ಕಂಜಿ ಬೇರೊಂದೂರಿನ ಮೆರವಣಿಗೆಯನ್ನು ಕಲಬುರಗಿಯದೆಂದು ತೋರಿಸಿದರೆ ಅದು ಕೂಟಶಾಸನಕ್ಕೆ ಸಮಾನ. ಅಕ್ಷರವನ್ನು ಸಂಶಯಿಸುವ ಜನರೂ ಕಣ್ಣಿಗೆ ಕಂಡುದನ್ನು ನಂಬುವರು; ಒಂದು ಸುಳ್ಳು ದೃಶ್ಯವು ಒಂದು ತಲೆಮಾರಿನ ನೆನಪನ್ನೇ ಕೆಡಿಸಬಲ್ಲುದು. ಮಠ, ಶಾಲೆ, ಮನೆಗಳ ಪೆಟ್ಟಿಗೆಗಳಲ್ಲಿ ಜಾತ್ರೆ, ಮದುವೆ, ಸಭೆಗಳ ಸುರುಳಿಗಳೇನಾದರೂ ಉಳಿದಿದ್ದರೆ, ಊರು, ತಾರೀಖು, ತೆಗೆದವರ ಹೆಸರುಗಳನ್ನು ಬಲ್ಲ ಹಿರಿಯರು ಇರುವಾಗಲೇ ಡಬ್ಬಿಯ ಮೇಲೆ ಬರೆದಿಡುವುದು ಉಚಿತ. ಆ ಬರಹವಿಲ್ಲದ ಸುರುಳಿಯಲ್ಲಿ ಮುಖಗಳು ಉಳಿದಾವು, ಚರಿತ್ರೆ ಉಳಿಯದು.