ಐದನೇ ನಡೆ: ಮೀರ್ ಸುಲ್ತಾನ್ ಖಾನ್ ಮತ್ತು ‘ಹುಟ್ಟು ಪ್ರತಿಭೆ’ಯ ವಾದ

ಮೀರ್ ಸುಲ್ತಾನ್ ಖಾನರು ಏನನ್ನು ಗೆದ್ದರು ಎಂಬುದರಲ್ಲಿ ವಿದ್ವಾಂಸರ ನಡುವೆ ತಕರಾರಿಲ್ಲ. ಪಂಜಾಬಿನ ಮಿಠಾ ಟಿವಾಣಾದ ಈ ಆಟಗಾರ ತಂದೆಯಿಂದ ದೇಶೀ ಚದುರಂಗ ಕಲಿತರು. ಜಮೀನುದಾರ ಸರ್ ಉಮರ್ ಹಯಾತ್ ಖಾನರ ಆಶ್ರಯದಲ್ಲಿ ಪಾಶ್ಚಾತ್ಯ ನಿಯಮಗಳಿಗೆ ಒಗ್ಗಿಕೊಂಡು 1928ರಲ್ಲಿ ಅಖಿಲ ಭಾರತ ಚಾಂಪಿಯನ್ ಆದರು. ಮರುವರ್ಷ ಲಂಡನ್ ತಲುಪಿ, ಕೆಲವೇ ತಿಂಗಳಲ್ಲಿ ರಾಮ್ಸ್‌ಗೇಟ್‌ನಲ್ಲಿ ಬ್ರಿಟಿಷ್ ಚಾಂಪಿಯನ್‌ಷಿಪ್ ಗೆದ್ದರು. 1932 ಮತ್ತು 1933ರಲ್ಲಿ ಅದನ್ನೇ ಮತ್ತೆ ಗೆದ್ದರು. 1930ರ ಲಿಯೇಜ್ ಟೂರ್ನಿಯಲ್ಲಿ ಟಾರ್ಟಕೋವರ್ ನಂತರದ ಸ್ಥಾನ ಅವರದು. 1931ರಲ್ಲಿ ಅದೇ ಟಾರ್ಟಕೋವರ್ ಅವರನ್ನು ನೇರ ಹಣಾಹಣಿಯಲ್ಲಿ 6½–5½ರಿಂದ ಸೋಲಿಸಿದರು. 1933ರ ಡಿಸೆಂಬರ್‌ನಲ್ಲಿ ಆಶ್ರಯದಾತರೊಂದಿಗೆ ಊರಿಗೆ ಮರಳಿದ ಮೇಲೆ ಅವರ ಅಂತರರಾಷ್ಟ್ರೀಯ ಆಟ ಮುಗಿಯಿತು. 1966ರಲ್ಲಿ ತೀರಿಕೊಂಡ ಅವರಿಗೆ ಫಿಡೆ ಮರಣೋತ್ತರ ಗೌರವ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟದ್ದು 2024ರಲ್ಲಿ.

ತಕರಾರು ಹುಟ್ಟುವುದು, ಐದು ವರ್ಷವೂ ತುಂಬದ ಈ ಆಟದ ಬದುಕಿಗೆ ಕಾರಣ ಹುಡುಕುವಾಗ. ಡೇವಿಡ್ ಹೂಪರ್ ಮತ್ತು ಕೆನೆತ್ ವೈಲ್ಡ್ ತಮ್ಮ ‘ಆಕ್ಸ್‌ಫರ್ಡ್ ಕಂಪ್ಯಾನಿಯನ್ ಟು ಚೆಸ್’ ಗ್ರಂಥದಲ್ಲಿ, ಸುಲ್ತಾನ್ ಖಾನರಿಗೆ ಓದುಬರಹ ಬಾರದು, ಚೆಸ್ ಪುಸ್ತಕಗಳನ್ನು ಅವರು ಅಭ್ಯಾಸ ಮಾಡಿದವರಲ್ಲ, ಬಹುಶಃ ಆಧುನಿಕ ಕಾಲದ ಅತಿ ದೊಡ್ಡ ಹುಟ್ಟು ಪ್ರತಿಭೆ ಅವರೇ ಎಂದು ಬರೆದರು. ನಂತರದ ಬರಹಗಳು ಬಹುಪಾಲು ಇದೇ ಜಾಡು ಹಿಡಿದವು. 2020ರಲ್ಲಿ ಡೇನಿಯಲ್ ಕಿಂಗ್ ಅವರ ಜೀವನಚರಿತ್ರೆ ಬಂದಾಗ ಕುಟುಂಬದವರು ಬಹಿರಂಗವಾಗಿಯೇ ಆಕ್ಷೇಪಿಸಿದರು: ಅವರನ್ನು ಅನಕ್ಷರಸ್ಥರೆಂದೂ ಸೇವಕರೆಂದೂ ಚಿತ್ರಿಸುವುದು ತಪ್ಪು. ಅಲ್ಲಿಂದ ಚರ್ಚೆಯೆಲ್ಲ ಅವರಿಗೆ ಓದಲು ಬರುತ್ತಿತ್ತೇ ಎಂಬ ಒಂದೇ ಪ್ರಶ್ನೆಯ ಸುತ್ತ ತಿರುಗುತ್ತಿದೆ.

ಪ್ರಸ್ತುತ ಲೇಖನದ ಭಿನ್ನಾಭಿಪ್ರಾಯ ಇರುವುದು ಆ ಪ್ರಶ್ನೆಯ ಆಯ್ಕೆಯಲ್ಲೇ. ಓದು ಬಾರದವರು ಎಂದು ಒಪ್ಪಿಕೊಂಡರೂ ಓಪನಿಂಗ್ ಜ್ಞಾನ ಇರಲಿಲ್ಲ ಎಂದು ಅದರಿಂದ ಸಿದ್ಧವಾಗುವುದಿಲ್ಲ. ರಾಮ್ಸ್‌ಗೇಟ್‌ಗೆ ಮುನ್ನ ಅವರನ್ನು ಪಳಗಿಸಿದವರು ವಿಲಿಯಂ ವಿಂಟರ್ ಮತ್ತು ಫ್ರೆಡರಿಕ್ ಯೇಟ್ಸ್, ಇಬ್ಬರೂ ನುರಿತ ಆಟಗಾರರು. ಎದುರು ಕೂತು ಆಡುತ್ತ, ಕೇಳುತ್ತ, ಸೋಲುತ್ತ ಕಲಿಯುವುದೂ ವಿದ್ಯೆಯೇ. ಅದು ಎಷ್ಟು ಮೈಗೂಡಿತ್ತು ಎಂಬುದಕ್ಕೆ ಸಾಕ್ಷ್ಯ ಆಟಗಳಲ್ಲೇ ಸಿಗಬೇಕು.

ಅಂಥ ಸಾಕ್ಷ್ಯವಾಗಿ ಎಲ್ಲರೂ ಬಲ್ಲ ಆಟವನ್ನೇ ತೆಗೆದುಕೊಳ್ಳಬಹುದು: 1930–31ರ ಹೇಸ್ಟಿಂಗ್ಸ್ ಟೂರ್ನಿ, ಬಿಳಿಕಾಯಿಯಲ್ಲಿ ಸುಲ್ತಾನ್ ಖಾನ್, ಎದುರಿಗೆ ಮಾಜಿ ವಿಶ್ವಚಾಂಪಿಯನ್ ಕಾಪಬ್ಲಾಂಕಾ. ವ್ಯಾಖ್ಯಾನಕಾರರ ಕಣ್ಣು ಸಾಮಾನ್ಯವಾಗಿ ಬೀಳುವುದು 21ರಿಂದ 24ನೇ ನಡೆಯವರೆಗಿನ ವಿನಿಮಯದ ಮೇಲೆ. ಅಲ್ಲಿ ಬಿಳಿ ತನ್ನ ಮಂತ್ರಿಯನ್ನು ಕೊಟ್ಟು ಎರಡು ಆನೆಗಳನ್ನು ಪಡೆಯುತ್ತದೆ. ಆದರೆ ಕುತೂಹಲ ಕೆರಳಿಸಬೇಕಾದದ್ದು ಐದನೇ ನಡೆ. ಕ್ವೀನ್ಸ್ ಇಂಡಿಯನ್ ಡಿಫೆನ್ಸ್‌ನಲ್ಲಿ ಕಪ್ಪು ತನ್ನ ಒಂಟೆಯನ್ನು ಬಿ7ಕ್ಕೆ ಇಟ್ಟಿದೆ. ಬಿಳಿಯ ಕುದುರೆ ಸಿ3ರಲ್ಲಿದೆ. ಆಗ ಸುಲ್ತಾನ್ ಖಾನ್ ಅಂಚಿನ ಕಾಲಾಳನ್ನು ಒಂದು ಮನೆ ಸರಿಸಿ ಎ3ಕ್ಕೆ ತರುತ್ತಾರೆ.

ಇದನ್ನು ದೇಶೀ ಆಟದ ಹಳೆಯ ಚಾಳಿ ಎಂದು ಓದಲು ಸಾಧ್ಯ. ಆ ಆಟದಲ್ಲಿ ಕಾಲಾಳು ಮೊದಲ ನಡೆಯಲ್ಲೂ ಒಂದೇ ಮನೆ ಸರಿಯುತ್ತದೆ. ಇಂದಿನ ರೀತಿಯ ಕ್ಯಾಸ್ಲಿಂಗ್ ಇಲ್ಲ. ಪಡೆಗಳು ನಿಧಾನವಾಗಿ ಅಣಿಯಾಗುತ್ತವೆ. ಹೇಸ್ಟಿಂಗ್ಸ್‌ನ ಈ ಆಟದಲ್ಲಿ ಬಿಳಿ ಕೊನೆಯವರೆಗೂ ಕ್ಯಾಸ್ಲಿಂಗ್ ಮಾಡದಿರುವುದು ಈ ಓದಿಗೆ ಬಲ ಕೊಡುತ್ತದೆ. 22ನೇ ನಡೆಯಲ್ಲಿ ಡಿ2ಕ್ಕೆ ಬಂದ ರಾಜ 41ರ ಹೊತ್ತಿಗೆ ಎ3ರವರೆಗೆ ನಡೆದುಹೋಗಿ, 60ರಲ್ಲಿ ಮತ್ತೆ ಡಿ2ಕ್ಕೆ ಮರಳುತ್ತಾನೆ. ರಾಜನನ್ನು ಇಷ್ಟು ನಿರ್ಭಯವಾಗಿ ನಡೆಸುವ ಕೈಗೆ ಹಳೆಯ ಆಟದ ರೂಢಿ ಇದ್ದೇ ಇತ್ತು.

ಆದರೂ ಎ3 ಬರಿಯ ರೂಢಿಯಾಗಿ ಕಾಣುವುದಿಲ್ಲ. ಸಿ3ರ ಕುದುರೆಯನ್ನು ಕಪ್ಪು ಬಿ4ರಿಂದ ಒಂಟೆಯ ಮೂಲಕ ಕಟ್ಟಿಹಾಕಬಹುದಿತ್ತು. ಆ ದಾರಿ ಮುಚ್ಚಿತು. ಕಪ್ಪು ಕೂಡಲೇ ಕಾಲಾಳನ್ನು ಡಿ5ಕ್ಕೆ ತಂದಿತು, ಬಿಳಿ ಅದನ್ನು ಹೊಡೆಯಿತು, ಕಪ್ಪು ಕಾಲಾಳಿನಿಂದಲೇ ತಿರುಗಿ ಹೊಡೆಯಿತು. ಹೀಗೆ ಬಿ7ರ ಒಂಟೆಗೆ ಅದರ ಸ್ವಂತ ಕಾಲಾಳೇ ಅಡ್ಡವಾಯಿತು. ಮೂರನೇ ನಡೆಯಲ್ಲಿ ಅಲ್ಲಿಗೆ ಹೋದ ಆ ಒಂಟೆ ಮತ್ತೆ ಕದಲಿದ್ದು 52ನೇ ನಡೆಯಲ್ಲಿ. 65ನೇ ನಡೆಗೆ ಆಟವೇ ಮುಗಿಯಿತು. ಇದೇ ಎ3 ವ್ಯವಸ್ಥೆಗೆ ಮುಂದೆ ವಿಶ್ವಚಾಂಪಿಯನ್ ಪೆಟ್ರೋಸಿಯನ್ ಅವರ ಹೆಸರು ಅಂಟಿತು. 1980ರ ದಶಕದ ಆರಂಭದಲ್ಲಿ ಕಾಸ್ಪರೋವ್ ಅದನ್ನು ಪ್ರಬಲ ಅಸ್ತ್ರವಾಗಿಸಿದರು.

ಹಾಗಾದರೆ ಸುಲ್ತಾನ್ ಖಾನ್ ಪೆಟ್ರೋಸಿಯನ್‌ಗಿಂತ ಮೊದಲೇ ಒಂದು ಓಪನಿಂಗ್ ಸಿದ್ಧಾಂತ ಕಟ್ಟಿದರೇ? ಅಷ್ಟು ದೂರ ಹೋಗುವುದು ಸಲ್ಲದು. ಒಂದು ಆಟದ ಫಲಿತಾಂಶದಿಂದ ಆಡಿದವನ ಉದ್ದೇಶವನ್ನು ಸಾಧಿಸಲಾಗದು. ಡಿ5ಕ್ಕೆ ನುಗ್ಗಿದ್ದು ಕಾಪಬ್ಲಾಂಕಾ ಅವರ ಸ್ವಂತ ಆಯ್ಕೆ. ಎ3 ಯೋಚನೆ ಲಂಡನ್ನಿನ ಗುರುಗಳಿಂದಲೇ ಬಂದಿರಬಹುದು. ಇವನ್ನೆಲ್ಲ ಕಳೆದ ಮೇಲೂ ಉಳಿಯುವ ವಾದ ಇಷ್ಟು: ಐದು ಮತ್ತು ಆರನೇ ನಡೆಗಳು ಒಂದಕ್ಕೊಂದು ಹೊಂದಿಕೊಂಡು ಒಂದೇ ಗುರಿಯತ್ತ ಕೆಲಸ ಮಾಡುತ್ತವೆ. ಓಪನಿಂಗ್ ತಿಳಿಯದೆ ಹೇಗೋ ದಾಟಿಬಂದು ಮುಂದೆ ಪ್ರತಿಭೆಯಿಂದ ಗೆದ್ದ ಆಟ ಎಂದು ಇದನ್ನು ಕರೆಯಲಾಗದು.

ಒಲಿಂಪಿಯಾಡ್ ಅಂಕಿಗಳೂ ಕಲಿಕೆಯ ಕಡೆಗೇ ಬೆರಳು ತೋರುತ್ತವೆ, ಒಂದು ಹಂತದವರೆಗೆ. ಬ್ರಿಟನ್ನಿನ ಮೊದಲ ಬೋರ್ಡಿನಲ್ಲಿ ಅವರು 1930ರ ಹ್ಯಾಂಬರ್ಗ್‌ನಲ್ಲಿ 9 ಗೆಲುವು, 4 ಡ್ರಾ, 4 ಸೋಲು ಕಂಡರು. 1931ರ ಪ್ರಾಗ್‌ನಲ್ಲಿ 8 ಗೆಲುವು, 7 ಡ್ರಾ, ಎರಡೇ ಸೋಲು. ಫ್ಲೋರ್ ಮತ್ತು ರೂಬಿನ್‌ಸ್ಟೈನ್ ಅಲ್ಲಿ ಅವರಿಗೆ ಮಣಿದರು, ಅಲೆಖೈನ್ ಜೊತೆ ಡ್ರಾ ಆಯಿತು. ಸೋಲು ಅರ್ಧಕ್ಕಿಳಿದು ಡ್ರಾ ಹೆಚ್ಚಿದ್ದು ರಕ್ಷಣೆ ಗಟ್ಟಿಯಾದುದರ ಗುರುತು. ಆದರೆ 1933ರ ಫೋಕ್‌ಸ್ಟನ್‌ನಲ್ಲಿ ಅವರ ಗಳಿಕೆ ಸರಿಯಾಗಿ ಅರ್ಧ: 4 ಗೆಲುವು, 6 ಡ್ರಾ, 4 ಸೋಲು. ಕಲಿಕೆಯ ರೇಖೆ ನೇರವಾಗಿ ಮೇಲೇರಲಿಲ್ಲ ಎಂಬುದನ್ನು ಈ ಲೇಖನದ ವಾದವೂ ಒಪ್ಪಲೇಬೇಕು.

‘ಹುಟ್ಟು ಪ್ರತಿಭೆ’ ಎಂಬ ಹೊಗಳಿಕೆಯ ದೋಷ ಇಲ್ಲೇ ಇದೆ. ಅದು ಸುಲ್ತಾನ್ ಖಾನರಿಗೆ ಪ್ರತಿಭೆಯನ್ನು ಧಾರಾಳವಾಗಿ ಕೊಟ್ಟು ದುಡಿಮೆಯನ್ನು ಕಿತ್ತುಕೊಳ್ಳುತ್ತದೆ. ಯೂರೋಪಿನ ಆಟಗಾರನಲ್ಲಿ ಅಧ್ಯಯನ ಎನಿಸಿಕೊಳ್ಳುವುದು ಪಂಜಾಬಿನವನಲ್ಲಿ ನಿಸರ್ಗದ ಕೊಡುಗೆಯಾಗಿಬಿಡುತ್ತದೆ. ಹೊಸ ಆಟದ ನಿಯಮಗಳನ್ನು ಪ್ರಾಯಕ್ಕೆ ಬಂದ ಮೇಲೆ ಕಲಿತು ಆ ಆಟದ ಅಗ್ರಗಣ್ಯರನ್ನು ಮಣಿಸಿದವರ ಚರಿತ್ರೆಯಲ್ಲಿ ಶ್ರಮಕ್ಕೆ ಜಾಗವಿಲ್ಲದಿರುವುದು ದೊಡ್ಡ ಅನ್ಯಾಯ.

ಮುಂದಿನ ಕೆಲಸ ಎರಡು ಕಡೆ ಬಾಕಿಯಿದೆ. 1929ರ ಮತ್ತು 1932ರ ಆಟಗಳ ಮೊದಲ ಹತ್ತು ನಡೆಗಳನ್ನು ಒಂದೊಂದಾಗಿ ಹೋಲಿಸಿದರೆ ವಿಂಟರ್, ಯೇಟ್ಸ್ ಅವರಿಂದ ಬಂದದ್ದೆಷ್ಟು, ಸ್ವಂತದ್ದೆಷ್ಟು ಎಂಬುದು ಕೊಂಚ ತಿಳಿಯಾದೀತು. ಇನ್ನೊಂದು, 1935ರಲ್ಲಿ ಅವರು ವಿ.ಕೆ. ಖಾಡಿಲ್ಕರ್ ಅವರ ವಿರುದ್ಧ ಹತ್ತು ಆಟಗಳಲ್ಲಿ ಒಂಬತ್ತನ್ನು ಗೆದ್ದ ಪಂದ್ಯ. ಟೂರ್ನಿಗಳಿಂದ ದೂರವಾದ ಮೇಲೂ ಲಂಡನ್ನಿನಲ್ಲಿ ಕಲಿತ ಓಪನಿಂಗ್‌ಗಳು ಅವರ ಕೈಯಲ್ಲಿ ಉಳಿದಿದ್ದವೇ ಎಂಬುದನ್ನು ಆ ಪಂದ್ಯದ ನಡೆಗಳಿಂದಲೇ ನಿರ್ಧರಿಸಬೇಕು.