ಬಾದಶಹರ ಮುಖ, ಕತ್ತರಿಸಿಹೋದ ಮಂಚ

ಬಹಾದ್ದೂರ್ ಶಾ ಜಫರ್ ಎಂದೊಡನೆ ನಮ್ಮ ಕಣ್ಣೆದುರು ಬರುವುದು 1858ರ ಆ ಛಾಯಾಚಿತ್ರ. ವಿಚಾರಣೆ ಮುಗಿದು ರಂಗೂನಿಗೆ ಗಡೀಪಾರಾಗುವ ಮುನ್ನ, ದೆಹಲಿಯ ಸೆರೆಯಲ್ಲಿ ತೆಗೆದದ್ದು. ತೆಗೆದವರು ರಾಬರ್ಟ್ ಟೈಟ್ಲರ್ ಮತ್ತು ಚಾರ್ಲ್ಸ್ ಶೆಫರ್ಡ್ ಎನ್ನುತ್ತಾರೆ. ಎಂಬತ್ತು ದಾಟಿದ ವೃದ್ಧರು ಮಂಚದ ಮೇಲೆ ದಿಂಬಿಗೊರಗಿದ್ದಾರೆ.

ಇದನ್ನು ವಿಶ್ವಕೋಶದಲ್ಲಿ ಅಚ್ಚು ಹಾಕಲು ಯಾರ ಅಪ್ಪಣೆ ಬೇಕು? ಕೃತಿಸ್ವಾಮ್ಯದ ಮಟ್ಟಿಗೆ ಯಾರದೂ ಬೇಡ. 2012ರ ತಿದ್ದುಪಡಿಯ ಬಳಿಕ ನಮ್ಮಲ್ಲಿ ಛಾಯಾಚಿತ್ರದ ಹಕ್ಕು ತೆಗೆದವರ ಮರಣಾನಂತರ 60 ವರ್ಷ ಉಳಿಯುತ್ತದೆ. ಮೊದಲು ಪ್ರಕಟಣೆಯಿಂದ 60 ವರ್ಷವಿತ್ತು. ಟೈಟ್ಲರ್ ತೀರಿಕೊಂಡದ್ದು 1872ರಲ್ಲಿ. ಸಂಗ್ರಹಾಲಯಗಳು ಪ್ರತಿಗೆ ಶುಲ್ಕ ಕೇಳಬಹುದು, ಅದು ಬೇರೆ ಮಾತು. ಹಕ್ಕು ಇನ್ನೂ ಮುಗಿಯದ ಚಿತ್ರಗಳಿಗೆ 52ನೇ ಕಲಂ ಸಂಶೋಧನೆ, ವಿಮರ್ಶೆಗಳಿಗೆ ನ್ಯಾಯಯುತ ಬಳಕೆಯ ಅವಕಾಶ ಕೊಟ್ಟಿದೆ. ಬರೀ ಪುಟದ ಅಂದಕ್ಕೆ ಹಾಕಿದವರು ಅದರ ಆಸರೆ ಪಡೆಯುವುದು ಕಷ್ಟ.

ನಮಗೆ ಕಸಿವಿಸಿಯಾಗುವುದು ಕಾನೂನು ಕೇಳದ ಸಂಗತಿಯ ಬಗ್ಗೆ. ಬೇಡ ಎನ್ನುವ ಸ್ಥಿತಿಯಲ್ಲಿ ಆ ಕೈದಿ ಇರಲಿಲ್ಲ. ಸಂಪಾದಕರು ಜಾಗ ಉಳಿಸಲು ಮುಖವನ್ನಷ್ಟೇ ಕತ್ತರಿಸಿ ಹಾಕಿದರೆ ಮಂಚ, ದಿಂಬು ಎರಡೂ ಹೋಗುತ್ತವೆ. ಆಗ ಉಳಿಯುವವರು ಪಟಕ್ಕೆಂದು ಕುಳಿತ ಯಾರೋ ಹಿರಿಯರು. ಚಿತ್ರವನ್ನು ಪೂರ್ತಿ ಹಾಕಿ, ಕೆಳಗೆ ಇಷ್ಟಾದರೂ ಬರೆಯಬೇಕು: ‘ಜಫರ್, ಬ್ರಿಟಿಷರ ಸೆರೆಯಲ್ಲಿ, ದೆಹಲಿ, 1858.’